ಜಾನಿ ಕ್ಯಾಶ್: ಕೈದಿಗಳಿಗೆ ಹಾಡಿದವನ ಕೊನೆಯ ನಾಲ್ಕು ನಿಮಿಷ

ಯೂಟ್ಯೂಬ್‌ನಲ್ಲಿ ಸುಮಾರು ನಾಲ್ಕು ನಿಮಿಷದ ಒಂದು ವಿಡಿಯೋ ಇದೆ. ಕಪ್ಪು ಬಟ್ಟೆ ತೊಟ್ಟ ಒಬ್ಬ ಮುದುಕ ಗಿಟಾರ್ ಹಿಡಿದು ಕೂತಿದ್ದಾನೆ. ಮುಖ ಊದಿಕೊಂಡಿದೆ, ಕೈ ನಡುಗುತ್ತಿದೆ. ಎದುರಿಗೆ ಹಬ್ಬದೂಟಕ್ಕೆ ಜೋಡಿಸಿದ ಹಾಗೆ ತುಂಬಿದ ಮೇಜು, ಆದರೆ ಉಣ್ಣೋಕೆ ಯಾರೂ ಇಲ್ಲ. ಒಂದು ಹಂತದಲ್ಲಿ ಆತ ಲೋಟದಲ್ಲಿದ್ದ ವೈನನ್ನು ಆ ಊಟದ ಮೇಲೇ ಸುರಿದುಬಿಡುತ್ತಾನೆ. ನಡುನಡುವೆ ಅದೇ ಮನುಷ್ಯನ ಹಳೆಯ ತುಣುಕುಗಳು ಬಂದುಹೋಗುತ್ತವೆ: ರೈಲು, ಜೈಲು, ತುಂಬಿದ ಸಭಾಂಗಣ. ಆಮೇಲೆ ಬೀಗ ಬಿದ್ದ ಒಂದು ಮ್ಯೂಸಿಯಂ, ಒಡೆದುಹೋದ ಪ್ರಶಸ್ತಿ ಫಲಕ. ಮೆಟ್ಟಿಲ ಮೇಲೆ ನಿಂತು ಅವನನ್ನೇ ನೋಡುತ್ತಿರುವ ಹೆಂಡತಿ. ಕೊನೆಗೆ ಆತ ಪಿಯಾನೋದ ಮುಚ್ಚಳ ಮುಚ್ಚುತ್ತಾನೆ. ಅಷ್ಟೇ.

ಹಾಡಿನ ಹೆಸರು 'ಹರ್ಟ್'. ಹಾಡಿದವನು ಜಾನಿ ಕ್ಯಾಶ್. ಚಿತ್ರೀಕರಣ ನಡೆದದ್ದು 2003ರ ಫೆಬ್ರವರಿಯಲ್ಲಿ. ಮೇ 15ರಂದು ಹೆಂಡತಿ ಜೂನ್ ಕಾರ್ಟರ್ ತೀರಿಕೊಂಡಳು, ಸೆಪ್ಟೆಂಬರ್ 12ರಂದು ಆತನೂ ಹೋದ.

ಅಮೆರಿಕದ ಕಂಟ್ರಿ ಸಂಗೀತ ಅಂದ ಕೂಡಲೇ ನಮ್ಮಲ್ಲಿ ಬಹಳ ಜನರಿಗೆ ನೆನಪಾಗೋದು ಕೌಬಾಯ್ ಹ್ಯಾಟು, ಬೂಟು, ಬಾವುಟ, ಬೈಬಲ್ಲು. ಬಿಳಿಯ ಬಲಪಂಥದ ಹಿನ್ನೆಲೆ ಸಂಗೀತ ಅನ್ನೋ ಹಣೆಪಟ್ಟಿಯೂ ಅದಕ್ಕಿದೆ. ಆ ಲೋಕದ ನಟ್ಟನಡುವೆಯೇ ಬೆಳೆದು, ಕೈದಿಗಳ ಪರವಾಗಿ, ಮೂಲನಿವಾಸಿಗಳ ಪರವಾಗಿ ನಿಂತವನು ಕ್ಯಾಶ್. ಹಾಗಂತ ಆತನನ್ನು ಅಪ್ಪಟ ಕ್ರಾಂತಿಕಾರಿ ಮಾಡಿ ಹಾರ ಹಾಕೋಕೂ ಆಗಲ್ಲ. ಅದಕ್ಕೇ ಈ ಬದುಕನ್ನು ಮತ್ತೊಮ್ಮೆ ನೋಡಬೇಕು.

ಸರ್ಕಾರ ಕೊಟ್ಟ ಇಪ್ಪತ್ತು ಎಕರೆ

1932ರ ಫೆಬ್ರವರಿ 26, ಆರ್ಕನ್ಸಾ ರಾಜ್ಯದ ಕಿಂಗ್ಸ್‌ಲ್ಯಾಂಡ್. ರೇ ಮತ್ತು ಕ್ಯಾರಿ ಕ್ಯಾಶ್ ದಂಪತಿಯ ಏಳು ಮಕ್ಕಳಲ್ಲಿ ಒಬ್ಬನಾಗಿ ಹುಟ್ಟಿದ ಹುಡುಗನಿಗೆ ಇಟ್ಟ ಹೆಸರು ಬರೀ ಜೆ. ಆರ್. ಅವು ಯಾವ ಹೆಸರಿನ ಮೊದಲಕ್ಷರಗಳೂ ಆಗಿರಲಿಲ್ಲ.

ಅದು ಮಹಾ ಆರ್ಥಿಕ ಕುಸಿತದ ಕಾಲ. ಹತ್ತಿಯ ಬೆಲೆ ನೆಲಕಚ್ಚಿತ್ತು, ರೈತರು ಬೀದಿಗೆ ಬಿದ್ದಿದ್ದರು. ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ಸರ್ಕಾರ 'ನ್ಯೂ ಡೀಲ್' ಅಡಿಯಲ್ಲಿ ಬಡ ರೈತರಿಗೆ ಜಮೀನು, ಮನೆ ಕೊಡುವ ಕಾಲೊನಿಗಳನ್ನು ಕಟ್ಟಿತು. ಅದರಲ್ಲೊಂದು ಆರ್ಕನ್ಸಾದ ಡೈಯೆಸ್. ಸುಮಾರು 500 ಕುಟುಂಬಗಳ ಊರು. 1935ರಲ್ಲಿ ಕ್ಯಾಶ್ ಕುಟುಂಬಕ್ಕೂ ಅಲ್ಲಿ ಐದು ಕೋಣೆಯ ಮನೆ, ಇಪ್ಪತ್ತು ಎಕರೆ ಜಮೀನು, ಒಂದು ಹೇಸರಗತ್ತೆ ಸಿಕ್ಕಿತು. ಬೆಳೆ ಬಂದ ಮೇಲೆ ಸಾಲ ತೀರಿಸಬೇಕು ಅನ್ನೋದು ಷರತ್ತು. ಇನ್ನೊಂದು ಷರತ್ತೂ ಇತ್ತು: ಆ ಕಾಲೊನಿ ಬಿಳಿಯರಿಗೆ ಮಾತ್ರ. ಅದೇ ಹತ್ತಿ ಹೊಲಗಳಲ್ಲಿ ಬೆನ್ನು ಬಗ್ಗಿಸಿದ ಕಪ್ಪು ರೈತರಿಗೆ ಅಲ್ಲಿ ಜಾಗ ಇರಲಿಲ್ಲ.

ಕ್ಯಾಶ್‌ನ ಬದುಕನ್ನು ಅರ್ಥ ಮಾಡಿಕೊಳ್ಳೋಕೆ ಈ ಎರಡು ಸಂಗತಿಯನ್ನೂ ಒಟ್ಟಿಗೇ ಹಿಡಿಯಬೇಕು. ಸರ್ಕಾರ ಕೈ ಹಿಡಿದರೆ ಬಡವನೊಬ್ಬ ಎದ್ದು ನಿಲ್ಲಬಹುದು ಅನ್ನೋದಕ್ಕೆ ಆ ಮನೆ ಸಾಕ್ಷಿ. ಆ ಕೈ ಯಾರನ್ನು ಹಿಡಿಯಿತು, ಯಾರನ್ನು ಬಿಟ್ಟಿತು ಅನ್ನೋದಕ್ಕೂ ಅದೇ ಮನೆ ಸಾಕ್ಷಿ.

1937ರಲ್ಲಿ ಪ್ರವಾಹ ಬಂದು ಊರು ಮುಳುಗಿತು. ಮುಂದೆ ಅದರ ಮೇಲೆ ಆತ ಹಾಡು ಕಟ್ಟಿದ. ಆದರೆ ಹುಡುಗನನ್ನು ಒಳಗಿನಿಂದ ಮುರಿದದ್ದು 1944ರ ಮೇ ತಿಂಗಳು. ಅಣ್ಣ ಜ್ಯಾಕ್ ಮನೆಗೆ ನಾಲ್ಕು ಕಾಸು ತರೋಕೆ ಮರ ಕೊಯ್ಯುವ ಕೆಲಸಕ್ಕೆ ಹೋಗುತ್ತಿದ್ದ. ಅವತ್ತು ಗರಗಸದ ಯಂತ್ರಕ್ಕೆ ಸಿಕ್ಕಿ ಹೊಟ್ಟೆ ಸೀಳಿಹೋಯಿತು. ಕೆಲವು ದಿನ ನರಳಿ ಸತ್ತ. ಜೆ. ಆರ್.ಗೆ ಆಗ ಹನ್ನೆರಡು ವರ್ಷ. ಮಣ್ಣು ಮಾಡಿದ ಮರುದಿನವೇ ಇಡೀ ಕುಟುಂಬ ಮತ್ತೆ ಹತ್ತಿ ಹೊಲದಲ್ಲಿತ್ತು. ಬಡವರಿಗೆ ದುಃಖಪಡೋಕೂ ರಜೆ ಇರಲಿಲ್ಲ.

ಜರ್ಮನಿಯಲ್ಲಿ ಹುಟ್ಟಿದ ಜೈಲಿನ ಹಾಡು

1950ರಲ್ಲಿ ಆತ ವಾಯುಪಡೆ ಸೇರಿದ. ಎರಡಕ್ಷರದ ಹೆಸರು ನಡೆಯಲ್ಲ ಎಂದಾಗ ಜಾನ್ ಆದ. ಪಶ್ಚಿಮ ಜರ್ಮನಿಯ ಲ್ಯಾಂಡ್ಸ್‌ಬರ್ಗ್‌ನಲ್ಲಿ ಕೂತು ಸೋವಿಯತ್ ಸೇನೆಯ ಮೋರ್ಸ್ ಸಂದೇಶಗಳನ್ನು ಕದ್ದು ಕೇಳಿ ಬರೆದುಕೊಳ್ಳೋದು ಕೆಲಸ. ಅಲ್ಲಿಯೇ ಕ್ಯಾಲಿಫೋರ್ನಿಯಾದ ಫೋಲ್ಸಮ್ ಜೈಲಿನ ಬಗ್ಗೆ ಒಂದು ಸಿನಿಮಾ ನೋಡಿದ. ಜೈಲಿನ ಕಿಟಕಿಯಾಚೆ ರೈಲಿನ ಸದ್ದು ಕೇಳುವ ಕೈದಿಯ ಹಾಡು 'ಫೋಲ್ಸಮ್ ಪ್ರಿಸನ್ ಬ್ಲೂಸ್' ಹುಟ್ಟಿದ್ದು ಹಾಗೆ. ಟ್ಯೂನ್ ಮತ್ತು ಸಾಕಷ್ಟು ಸಾಲುಗಳು ಗಾರ್ಡನ್ ಜೆಂಕಿನ್ಸ್ ಎಂಬ ಸಂಗೀತಗಾರನ ಹಾಡೊಂದರಿಂದ ಎತ್ತಿದ್ದು. ಮುಂದೆ ಅದಕ್ಕಾಗಿ ಕ್ಯಾಶ್ ಪರಿಹಾರದ ದುಡ್ಡನ್ನೂ ಕಟ್ಟಬೇಕಾಯಿತು.

1954ರಲ್ಲಿ ವಾಪಸ್ ಬಂದು ವಿವಿಯನ್ ಲಿಬರ್ಟೊಳನ್ನು ಮದುವೆಯಾದ. ಮೆಂಫಿಸ್‌ನಲ್ಲಿ ಮನೆಮನೆ ಬಾಗಿಲು ತಟ್ಟಿ ಗೃಹೋಪಯೋಗಿ ಸಾಮಾನು ಮಾರುವ ಸೇಲ್ಸ್‌ಮನ್ ಆದ. ಮಾರಾಟ ಅಷ್ಟಕ್ಕಷ್ಟೇ. ಸಂಜೆ ಹೊತ್ತು ಮಾರ್ಷಲ್ ಗ್ರಾಂಟ್, ಲೂಥರ್ ಪರ್ಕಿನ್ಸ್ ಎಂಬ ಇಬ್ಬರು ಕಾರ್ ಮೆಕ್ಯಾನಿಕ್‌ಗಳ ಜೊತೆ ಹಾಡುತ್ತಿದ್ದ. ಮೂವರೂ ದೊಡ್ಡ ವಾದ್ಯಗಾರರಲ್ಲ. ಡ್ರಮ್ ಇಲ್ಲದ್ದಕ್ಕೆ ಗಿಟಾರಿನ ತಂತಿಗಳ ನಡುವೆ ಕಾಗದ ತೂರಿಸಿ ಟಕಟಕ ಸದ್ದು ಹೊರಡಿಸುತ್ತಿದ್ದರು. ರೈಲು ಓಡಿದ ಹಾಗೆ ಕೇಳುವ ಆ ಸದ್ದೇ ಕ್ಯಾಶ್‌ನ ಗುರುತಾಯಿತು. ಸ್ಯಾಮ್ ಫಿಲಿಪ್ಸ್‌ನ ಸನ್ ರೆಕಾರ್ಡ್ಸ್‌ನಿಂದ 1955ರಲ್ಲಿ ಮೊದಲ ಹಾಡು ಬಂತು. ಮರುವರ್ಷ 'ಐ ವಾಕ್ ದ ಲೈನ್' ಕಂಟ್ರಿ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು.

ಆಮೇಲೆ ಶುರುವಾಯಿತು ಮಾತ್ರೆಗಳ ಕಾಲ. ರಾತ್ರಿಯಿಡೀ ಕಾರು ಓಡಿಸಿ ಊರೂರು ಹಾಡೋದಕ್ಕೆ ಆಂಫೆಟಮಿನ್, ನಿದ್ದೆ ಬರೋದಕ್ಕೆ ಇನ್ನೊಂದು. ಮನೆಯಲ್ಲಿ ವಿವಿಯನ್ ನಾಲ್ಕು ಹೆಣ್ಣುಮಕ್ಕಳನ್ನು ಬಹುತೇಕ ಒಬ್ಬಳೇ ಸಾಕುತ್ತಿದ್ದಳು. ಕ್ಯಾಶ್ ಮತ್ತು ಜೂನ್ ಕಾರ್ಟರ್‌ರ ಪ್ರೇಮವನ್ನು ಸಿನಿಮಾಗಳು ಎಷ್ಟು ಬಣ್ಣಿಸುತ್ತವೋ, ವಿವಿಯನ್ ಅಷ್ಟೇ ಮಸುಕಾಗುತ್ತಾಳೆ. ಆಕೆ ಕಟ್ಟಿದ ಬೆಲೆಯನ್ನು ಯಾವ ರೋಮ್ಯಾನ್ಸೂ ತುಂಬಿಕೊಡಲ್ಲ.

ರೇಡಿಯೋ ಹೆದರಿದಾಗ

1964ರಲ್ಲಿ, ಹೆಸರು ದುಡ್ಡು ಎರಡೂ ಇದ್ದಾಗ, ಕ್ಯಾಶ್ 'ಬಿಟರ್ ಟಿಯರ್ಸ್' ಎಂಬ ಆಲ್ಬಂ ತಂದ. ಇಡೀ ಆಲ್ಬಂ ಅಮೆರಿಕದ ಮೂಲನಿವಾಸಿಗಳ ಬಗ್ಗೆ: ಮುರಿದ ಒಪ್ಪಂದಗಳು, ಕಿತ್ತುಕೊಂಡ ನೆಲ. ಪೀಟರ್ ಲಾ ಫಾರ್ಜ್ ಬರೆದ 'ದ ಬ್ಯಾಲಡ್ ಆಫ್ ಐರಾ ಹೇಸ್' ಅದರ ಮುಖ್ಯ ಹಾಡು. ಐರಾ ಹೇಸ್ ಪೀಮಾ ಬುಡಕಟ್ಟಿನ ಯೋಧ. ಎರಡನೇ ಮಹಾಯುದ್ಧದಲ್ಲಿ ಐವೊ ಜಿಮಾ ದ್ವೀಪದ ಬೆಟ್ಟದ ಮೇಲೆ ಅಮೆರಿಕದ ಬಾವುಟ ಎತ್ತಿದ ಆ ಪ್ರಸಿದ್ಧ ಫೋಟೋದಲ್ಲಿರುವವರಲ್ಲಿ ಒಬ್ಬ. ದೇಶ ಅವನ ಚಿತ್ರವನ್ನು ಅಂಚೆಚೀಟಿಯಿಂದ ಸ್ಮಾರಕದವರೆಗೆ ಬಳಸಿಕೊಂಡಿತು. ಆತ ಮಾತ್ರ ಊರಿಗೆ ಮರಳಿ, ಬಡತನ ಮತ್ತು ಕುಡಿತದಲ್ಲಿ ಮುಳುಗಿ 1955ರಲ್ಲಿ, ಮೂವತ್ತೆರಡನೇ ವಯಸ್ಸಿಗೆ ಸತ್ತ.

ಕಂಟ್ರಿ ರೇಡಿಯೋಗಳು ಈ ಹಾಡನ್ನು ಮುಟ್ಟಲು ಹಿಂಜರಿದವು. ಕ್ಯಾಶ್ ಏನು ಮಾಡಿದ ಗೊತ್ತಾ? ಸಂಗೀತೋದ್ಯಮದ ವಾರಪತ್ರಿಕೆ 'ಬಿಲ್‌ಬೋರ್ಡ್'ನಲ್ಲಿ ಸ್ವಂತ ದುಡ್ಡಿನಿಂದ ಇಡೀ ಪುಟದ ಜಾಹೀರಾತು ಹಾಕಿಸಿ, ನಿಮಗೆ ಧೈರ್ಯ ಇಲ್ಲವಾ ಅಂತ ರೇಡಿಯೋದವರನ್ನೇ ನೇರವಾಗಿ ಕೇಳಿದ. ತನಗೆ ಅನ್ನ ಕೊಡುವ ಉದ್ಯಮದ ಮುಖಕ್ಕೆ ಹೊಡೆದಂಥ ಮಾತು ಅದು. ಹಾಡು ಕಂಟ್ರಿ ಪಟ್ಟಿಯಲ್ಲಿ ಮೂರನೇ ಸ್ಥಾನಕ್ಕೆ ಹೋಯಿತು.

ಇಲ್ಲೂ ಒಂದು ಮಸಿ ಇದೆ. ಆ ದಿನಗಳಲ್ಲಿ ಆತ ತನ್ನ ಮೈಯಲ್ಲಿ ಚೆರೋಕಿ ರಕ್ತ ಇದೆ ಅಂತ ಹೇಳಿಕೊಂಡು ತಿರುಗುತ್ತಿದ್ದ. ಅದು ನಿಜವಲ್ಲ. ಅನ್ಯಾಯದ ವಿರುದ್ಧ ಮಾತಾಡೋಕೆ ಆ ಸುಳ್ಳಿನ ಅಗತ್ಯವೂ ಇರಲಿಲ್ಲ.

1965ರ ಅಕ್ಟೋಬರ್‌ನಲ್ಲಿ ಟೆಕ್ಸಸ್‌ನ ಎಲ್ ಪಾಸೊದಲ್ಲಿ ಪೊಲೀಸರು ಆತನನ್ನು ಹಿಡಿದರು. ಗಿಟಾರ್ ಪೆಟ್ಟಿಗೆಯಲ್ಲಿ ಮಾತ್ರೆಗಳ ರಾಶಿಯೇ ಇತ್ತು. ಆ ಪ್ರಕರಣದಲ್ಲಿ ವಿವಿಯನ್ ಜೊತೆಗಿದ್ದ ಫೋಟೋ ಪತ್ರಿಕೆಗಳಲ್ಲಿ ಬಂತು. ಅದನ್ನು ನೋಡಿದ ಬಿಳಿಯ ಜನಾಂಗವಾದಿಗಳು ಕ್ಯಾಶ್‌ನ ಹೆಂಡತಿ ಕಪ್ಪು ಹೆಂಗಸು ಅಂತ ತಮ್ಮ ಪತ್ರಿಕೆಯಲ್ಲಿ ಅಬ್ಬರಿಸಿದರು. ಕು ಕ್ಲಕ್ಸ್ ಕ್ಲಾನ್ ಬೆದರಿಕೆ ಹಾಕಿತು. ಆಗಿನ್ನೂ ಅಮೆರಿಕದ ಅನೇಕ ರಾಜ್ಯಗಳಲ್ಲಿ ಬಿಳಿಯರು ಕರಿಯರು ಮದುವೆಯಾಗೋದು ಅಪರಾಧ. ಆ ಕಾನೂನುಗಳನ್ನು ಸುಪ್ರೀಂ ಕೋರ್ಟ್ ಹೊಡೆದುಹಾಕಿದ್ದು 1967ರಲ್ಲಿ. ಹೆಂಡತಿ ಇಟಾಲಿಯನ್ ಮೂಲದವಳು, ಬಿಳಿಯಳು ಅಂತ ಕ್ಯಾಶ್ ಕಡೆಯವರು ಸಾಬೀತು ಮಾಡಲು ಹೊರಟರು. ಕಪ್ಪಾಗಿದ್ದರೆ ಏನೀಗ ಅಂತ ಕೇಳುವ ಎದೆಗಾರಿಕೆ ಅವತ್ತು ಬರಲಿಲ್ಲ. 2021ರಲ್ಲಿ ಮಗಳು ರೋಸ್ಯಾನ್ ಕ್ಯಾಶ್ ವಂಶಾವಳಿ ಹುಡುಕುವ ಟಿವಿ ಕಾರ್ಯಕ್ರಮವೊಂದಕ್ಕೆ ಹೋದಾಗ ಗೊತ್ತಾಯಿತು: ವಿವಿಯನ್‌ಳ ತಾಯಿಯ ಕಡೆಯ ಪೂರ್ವಜೆಯೊಬ್ಬಳು ಗುಲಾಮಗಿರಿಯಲ್ಲಿ ಹುಟ್ಟಿದ ಕಪ್ಪು ಹೆಣ್ಣುಮಗಳು.

ಫೋಲ್ಸಮ್: ಕೇಳುಗರು ಕಂಬಿಯ ಹಿಂದೆ

ಕ್ಯಾಶ್ ಎಂದೂ ಜೈಲುಶಿಕ್ಷೆ ಅನುಭವಿಸಿದವನಲ್ಲ. ಹಲವು ಸಲ ಒಂದೊಂದು ರಾತ್ರಿ ಲಾಕಪ್ಪಿನಲ್ಲಿ ಕಳೆದದ್ದು ನಿಜ, ಅಷ್ಟೇ. ಆದರೂ ಕೈದಿಗಳಿಂದ ಆತನಿಗೆ ಕಾಗದಗಳು ಬರುತ್ತಿದ್ದವು, ಬಂದು ಹಾಡು ಅಂತ. 1957ರಿಂದಲೇ ಜೈಲುಗಳಲ್ಲಿ ಹಾಡುತ್ತಿದ್ದ. ಸ್ಯಾನ್ ಕ್ವೆಂಟಿನ್ ಜೈಲಿನ ಒಂದು ಕಾರ್ಯಕ್ರಮದ ಕೇಳುಗರಲ್ಲಿ ಮರ್ಲ್ ಹ್ಯಾಗಾರ್ಡ್ ಎಂಬ ಯುವ ಕೈದಿಯಿದ್ದ. ಬಿಡುಗಡೆಯಾದ ಮೇಲೆ ಅವನೇ ಕಂಟ್ರಿ ಸಂಗೀತದ ದೊಡ್ಡ ಹೆಸರಾದ.

ಜೈಲಿನಲ್ಲೇ ರೆಕಾರ್ಡ್ ಮಾಡೋಣ ಅಂತ ಕ್ಯಾಶ್ ವರ್ಷಗಟ್ಟಲೆ ಕೇಳಿದರೂ ಕೊಲಂಬಿಯಾ ಕಂಪನಿ ಒಪ್ಪಿರಲಿಲ್ಲ. ಬಾಬ್ ಜಾನ್‌ಸ್ಟನ್ ಎಂಬ ನಿರ್ಮಾಪಕ ಬಂದ ಮೇಲೆ ದಾರಿ ತೆರೆಯಿತು. 1968ರ ಜನವರಿ 13ರಂದು ಫೋಲ್ಸಮ್ ಜೈಲಿನ ಊಟದ ಹಾಲ್‌ನಲ್ಲಿ ಎರಡು ಪ್ರದರ್ಶನ ನಡೆದವು. ಹಿಂದಿನ ರಾತ್ರಿಯಷ್ಟೇ ಪಾದ್ರಿಯೊಬ್ಬರು ಕೈದಿ ಗ್ಲೆನ್ ಶೆರ್ಲಿ ಬರೆದ 'ಗ್ರೇಸ್ಟೋನ್ ಚಾಪೆಲ್' ಹಾಡಿನ ಟೇಪ್ ಕೊಟ್ಟಿದ್ದರು. ರಾತ್ರಿಯೇ ಕಲಿತು ಮರುದಿನ ಅದನ್ನು ಅವನ ಮುಂದೆಯೇ ಹಾಡಿದ. ಮುಂದಿನ ಸಾಲಿನಲ್ಲಿ ಕೂತಿದ್ದ ಶೆರ್ಲಿಗೆ ಅದು ಮೊದಲೇ ಗೊತ್ತಿರಲಿಲ್ಲ.

ಆಲ್ಬಂ ಭರ್ಜರಿಯಾಗಿ ಓಡಿತು. ಒಂದು ವಿಷಯ ಹೇಳಲೇಬೇಕು. 'ಫೋಲ್ಸಮ್ ಪ್ರಿಸನ್ ಬ್ಲೂಸ್'ನಲ್ಲಿ ಕೊಲೆಯ ಮಾತು ಬಂದಾಗ ಕೈದಿಗಳು ಕೇಕೆ ಹಾಕುವುದು ಆಲ್ಬಂನಲ್ಲಿ ಕೇಳುತ್ತದೆ. ಆ ಕೇಕೆ ಅಲ್ಲಿ ಬಿದ್ದದ್ದಲ್ಲ, ಆಮೇಲೆ ಸ್ಟುಡಿಯೋದಲ್ಲಿ ಸೇರಿಸಿದ್ದು. ಕಾವಲುಗಾರರ ಮುಂದೆ ಕೂತ ಕೈದಿಗಳು ಅಂಥ ಸಾಲಿಗೆ ಕೂಗೋವಷ್ಟು ದಡ್ಡರಾಗಿರಲಿಲ್ಲ. ಕೈದಿಗಳ ಪರವಾಗಿ ಬಂದ ಆಲ್ಬಂ ಕೂಡ ಮಾರಾಟವಾಗೋಕೆ ಕೈದಿಗಳನ್ನು ಇನ್ನಷ್ಟು ಭಯಂಕರರನ್ನಾಗಿ ತೋರಿಸಬೇಕಾಯಿತು.

ಮುಂದಿನ ವರ್ಷ ಸ್ಯಾನ್ ಕ್ವೆಂಟಿನ್‌ನಲ್ಲಿ ರೆಕಾರ್ಡ್ ಮಾಡಿದ 'ಎ ಬಾಯ್ ನೇಮ್ಡ್ ಸೂ' ಪಾಪ್ ಪಟ್ಟಿಯಲ್ಲೂ ಎರಡನೇ ಸ್ಥಾನ ಮುಟ್ಟಿತು. ಎಬಿಸಿ ಚಾನೆಲ್‌ನಲ್ಲಿ ಕ್ಯಾಶ್‌ನದೇ ಕಾರ್ಯಕ್ರಮ ಶುರುವಾಯಿತು. ಅಲ್ಲಿಗೆ ಬಾಬ್ ಡಿಲನ್ ಬಂದ, ಲೂಯಿ ಆರ್ಮ್‌ಸ್ಟ್ರಾಂಗ್ ಬಂದ. ಕಮ್ಯುನಿಸ್ಟ್ ಅನ್ನೋ ಕಾರಣಕ್ಕೆ ಟಿವಿಯಿಂದ ವರ್ಷಗಟ್ಟಲೆ ದೂರ ಇಡಲಾಗಿದ್ದ ಪೀಟ್ ಸೀಗರ್ ಕೂಡ ಬಂದ.

1972ರ ಜುಲೈನಲ್ಲಿ ಕ್ಯಾಶ್ ಅಮೆರಿಕದ ಸೆನೆಟ್ ಉಪಸಮಿತಿಯ ಮುಂದೆ ಜೈಲು ಸುಧಾರಣೆಯ ಬಗ್ಗೆ ಸಾಕ್ಷ್ಯ ನುಡಿದ. ಮೊದಲ ಸಲ ತಪ್ಪು ಮಾಡಿದ ಹುಡುಗರನ್ನು ಪಳಗಿದ ಅಪರಾಧಿಗಳ ಜೊತೆ ಕೂಡಿಹಾಕಬೇಡಿ, ಹೊರಬಂದವರಿಗೆ ಬದುಕು ಕಟ್ಟಿಕೊಳ್ಳಲು ನೆರವಾಗಿ ಅನ್ನೋದು ಅವನ ಮಾತಿನ ಸಾರ. ಆಗ ಗ್ಲೆನ್ ಶೆರ್ಲಿಯೂ ಜೊತೆಗಿದ್ದ. ಕ್ಯಾಶ್‌ನ ಪ್ರಯತ್ನದಿಂದ 1971ರಲ್ಲಿ ಬಿಡುಗಡೆಯಾಗಿ, ಅವನದೇ ತಂಡ ಸೇರಿದ್ದ. ಬದಲಾವಣೆ ಸಾಧ್ಯ ಅನ್ನೋದಕ್ಕೆ ಜೀವಂತ ಪುರಾವೆ ಅಂತ ಅವನನ್ನು ವೇದಿಕೆ ಮೇಲೆ ನಿಲ್ಲಿಸಲಾಗುತ್ತಿತ್ತು. ಆದರೆ ವರ್ಷಗಟ್ಟಲೆ ಕಂಬಿಯ ಹಿಂದೆ ಬೆಳೆದ ಮನಸ್ಸು ಒಂದು ಚಪ್ಪಾಳೆಗೆ ಸರಿಹೋಗುವಂಥದ್ದಲ್ಲ. ಶೆರ್ಲಿಯ ವರ್ತನೆ ಕೈಮೀರಿದಾಗ ಕ್ಯಾಶ್ ಅವನನ್ನು ತಂಡದಿಂದ ಕಳಿಸಿಬಿಟ್ಟ. 1978ರಲ್ಲಿ ಶೆರ್ಲಿ ಗುಂಡು ಹೊಡೆದುಕೊಂಡು ಸತ್ತ. ಅಲ್ಲಿಂದಾಚೆ ಜೈಲು ಕಛೇರಿಗಳೂ ಬಹುತೇಕ ನಿಂತವು.

ಒಬ್ಬ ಮನುಷ್ಯನನ್ನು ಚಳವಳಿಯ ಪೋಸ್ಟರ್ ಮಾಡೋದು ಸುಲಭ. ಪೋಸ್ಟರ್ ಹರಿದಾಗ ಒಳಗಿನ ಮನುಷ್ಯನನ್ನು ಹಿಡಿದುಕೊಳ್ಳೋದು ಕಷ್ಟ. ಶೆರ್ಲಿಯ ಕತೆ ಕ್ಯಾಶ್ ಒಬ್ಬನ ಸೋಲಲ್ಲ, ಒಳ್ಳೆಯ ಉದ್ದೇಶದ ಎಲ್ಲರೂ ಓದಬೇಕಾದ ಪಾಠ.

ಶ್ವೇತಭವನದಲ್ಲಿ ಹಾಡದ ಎರಡು ಹಾಡು

1970ರ ಏಪ್ರಿಲ್ 17. ಅಧ್ಯಕ್ಷ ರಿಚರ್ಡ್ ನಿಕ್ಸನ್ ಶ್ವೇತಭವನದಲ್ಲಿ ಹಾಡಲು ಕ್ಯಾಶ್‌ನನ್ನು ಕರೆದ. ಅಧ್ಯಕ್ಷರ ಕಚೇರಿಯಿಂದ ಹಾಡುಗಳ ಬೇಡಿಕೆಯೂ ಬಂತು. ಒಂದು, ಹಿಪ್ಪಿಗಳನ್ನು, ಯುದ್ಧವಿರೋಧಿ ಯುವಕರನ್ನು ಚುಚ್ಚುವ ಹ್ಯಾಗಾರ್ಡ್‌ನ ಹಾಡು. ಇನ್ನೊಂದು, ಸರ್ಕಾರದ ನೆರವು ಪಡೆಯುವ ಬಡವರು ಕ್ಯಾಡಿಲಾಕ್ ಕಾರಿನಲ್ಲಿ ಓಡಾಡುತ್ತಾರೆ ಅಂತ ಗೇಲಿ ಮಾಡುವ ಹಾಡು. 'ಬಿಟ್ಟಿ ಭಾಗ್ಯ' ಅಂತ ಮೂಗು ಮುರಿಯುವ ಮಾತು ಕೇಳಿ ಬೆಳೆದ ನಮಗೆ ಈ ಎರಡನೆಯದನ್ನು ಬಿಡಿಸಿ ಹೇಳಬೇಕಿಲ್ಲ.

ಸರ್ಕಾರ ಕೊಟ್ಟ ಇಪ್ಪತ್ತು ಎಕರೆಯಲ್ಲಿ ಬೆಳೆದ ಕ್ಯಾಶ್ ಎರಡನ್ನೂ ಹಾಡಲಿಲ್ಲ. ತನಗೆ ಬರಲ್ಲ ಅಂತ ನಯವಾಗಿ ಜಾರಿಕೊಂಡು, ಪ್ರಶ್ನೆ ಕೇಳುವ ಯುವಕರ ಪರವಾಗಿ ತಾನೇ ಬರೆದಿದ್ದ 'ವಾಟ್ ಈಸ್ ಟ್ರುತ್' ಹಾಡಿದ. ಅಧ್ಯಕ್ಷನನ್ನು ಬಹಿರಂಗವಾಗಿ ಬೈಯಲಿಲ್ಲ. ವಿಯೆಟ್ನಾಂ ವಿಷಯದಲ್ಲಿ ಅಧ್ಯಕ್ಷನ ಜೊತೆಗಿದ್ದೇನೆ ಅಂತಲೂ ಅಂದ, ಹುಡುಗರು ಬೇಗ ಮನೆಗೆ ಬರಲಿ ಅಂತಲೂ ಅಂದ. ಎರಡು ದೋಣಿ ಮೇಲೆ ಕಾಲಿಟ್ಟಿದ್ದ ಅಂತ ನೀವು ಬೈಯಬಹುದು, ಅದರಲ್ಲಿ ತಪ್ಪಿಲ್ಲ. ಆದರೆ ಬಡವರನ್ನು ಗೇಲಿ ಮಾಡುವ ಹಾಡು ಕೇಳಿದಾಗ ಆ ಗಂಟಲು ತೆರೆಯಲಿಲ್ಲ. ಮರುವರ್ಷದ 'ಮ್ಯಾನ್ ಇನ್ ಬ್ಲ್ಯಾಕ್' ಹಾಡಿನಲ್ಲಿ ತಾನು ಯಾಕೆ ಸದಾ ಕಪ್ಪು ತೊಡುತ್ತೇನೆ ಅಂತ ವಿವರಿಸಿದ: ಬಡವರಿಗಾಗಿ, ಸೋತವರಿಗಾಗಿ, ಶಿಕ್ಷೆ ಮುಗಿದರೂ ಒಳಗೇ ಕೊಳೆಯುತ್ತಿರುವ ಕೈದಿಗಳಿಗಾಗಿ, ಯುದ್ಧದಲ್ಲಿ ಸಾಯುವ ಹುಡುಗರಿಗಾಗಿ.

ಕಂಪನಿ ಕೈಬಿಟ್ಟ ಮೇಲೆ

1986ರಲ್ಲಿ ಕೊಲಂಬಿಯಾ ಕಂಪನಿ ಕ್ಯಾಶ್‌ನನ್ನು ಕೈಬಿಟ್ಟಿತು. ಹಾಡುಗಳು ಓಡುತ್ತಿರಲಿಲ್ಲ, ನ್ಯಾಶ್‌ವಿಲ್‌ಗೆ ಹೊಸ ಮುಖಗಳು ಬೇಕಿದ್ದವು. ಆಗ ಬಂದವನು ರಿಕ್ ರೂಬಿನ್. ರ‍್ಯಾಪ್ ಮತ್ತು ಹೆವಿ ಮೆಟಲ್ ಆಲ್ಬಂಗಳನ್ನು ಮಾಡಿ ಹೆಸರಾಗಿದ್ದ ಗಡ್ಡದ ಯುವಕ. ಕ್ಯಾಶ್‌ನನ್ನು ತನ್ನ ಮನೆಯ ಹಜಾರದಲ್ಲಿ ಕೂರಿಸಿ, ಬರೀ ಗಿಟಾರ್ ಕೊಟ್ಟು, ನಿನಗಿಷ್ಟವಾದ್ದು ಹಾಡು ಅಂದ. 1994ರಲ್ಲಿ 'ಅಮೆರಿಕನ್ ರೆಕಾರ್ಡಿಂಗ್ಸ್' ಬಂದು ಹೊಸ ತಲೆಮಾರು ಕ್ಯಾಶ್‌ನನ್ನು ಕಂಡುಕೊಂಡಿತು. ಕಂಟ್ರಿ ರೇಡಿಯೋ ಮಾತ್ರ ಕಿವಿ ಮುಚ್ಚಿಕೊಂಡೇ ಇತ್ತು. 1998ರಲ್ಲಿ ಗ್ರ್ಯಾಮಿ ಬಂದಾಗ ರೂಬಿನ್ ಅದೇ 'ಬಿಲ್‌ಬೋರ್ಡ್'ನಲ್ಲಿ ಪೂರ್ತಿ ಪುಟದ ಜಾಹೀರಾತು ಕೊಟ್ಟ. ಸ್ಯಾನ್ ಕ್ವೆಂಟಿನ್‌ನಲ್ಲಿ ಕ್ಯಾಶ್ ಕ್ಯಾಮೆರಾಕ್ಕೆ ನಡುಬೆರಳು ತೋರಿಸಿದ್ದ ಹಳೇ ಫೋಟೋ ಹಾಕಿ, ನ್ಯಾಶ್‌ವಿಲ್‌ಗೂ ಕಂಟ್ರಿ ರೇಡಿಯೋಗೂ ಬೆಂಬಲಕ್ಕೆ ಧನ್ಯವಾದ ಹೇಳಿದ!

ಅಷ್ಟೊತ್ತಿಗೆ ದೇಹ ಸೋಲುತ್ತಿತ್ತು. ನರಗಳ ಕಾಯಿಲೆ, ಮಧುಮೇಹ, ಕಣ್ಣು ಮಂಜು. ಅಂಥ ಹೊತ್ತಲ್ಲಿ ರೂಬಿನ್ ಮುಂದಿಟ್ಟ ಹಾಡು 'ಹರ್ಟ್'. ನೈನ್ ಇಂಚ್ ನೇಲ್ಸ್ ತಂಡದ ಟ್ರೆಂಟ್ ರೆಜ್ನರ್ 1994ರಲ್ಲಿ ತಂದ, ಮಾದಕ ವ್ಯಸನ ಮತ್ತು ಹತಾಶೆಯ ಹಾಡು. ಕ್ಯಾಶ್ ಅದರಲ್ಲಿ ಒಂದು ಹೊಲಸು ಪದವನ್ನು ತೆಗೆದು, ಯೇಸುವಿನ ತಲೆಗೆ ತೊಡಿಸಿದ ಮುಳ್ಳುಗಳನ್ನು ತಂದಿಟ್ಟ. ಯುವಕನೊಬ್ಬನ ಹತಾಶೆ ಮುದುಕನೊಬ್ಬನ ತಪ್ಪೊಪ್ಪಿಗೆಯಾಯಿತು.

ವಿಡಿಯೋ ಮಾಡಿದವನು ಮಾರ್ಕ್ ರೋಮನೆಕ್. ಟೆನೆಸಿಯ ಹೆಂಡರ್ಸನ್‌ವಿಲ್‌ನಲ್ಲಿರುವ ಕ್ಯಾಶ್‌ನ ಮನೆಗೆ ಹೋದಾಗ, ಒಂದು ಕಾಲಕ್ಕೆ ಅಭಿಮಾನಿಗಳಿಂದ ತುಂಬಿರುತ್ತಿದ್ದ 'ಹೌಸ್ ಆಫ್ ಕ್ಯಾಶ್' ಮ್ಯೂಸಿಯಂ ಪಾಳುಬಿದ್ದಿತ್ತು. ಅದನ್ನು ಒರೆಸಿ ಚಂದ ಮಾಡದೆ, ಇದ್ದ ಹಾಗೇ ತೋರಿಸೋಣ ಅಂತ ಆತ ನಿರ್ಧರಿಸಿದ. ಕ್ಯಾಶ್ ಒಪ್ಪಿದ. ಇವತ್ತು ಒಬ್ಬ ನಾಯಕನ ಫೋಟೋದಿಂದ ಒಂದು ಸುಕ್ಕು ಅಳಿಸೋಕೆ ಇಡೀ ಐಟಿ ಸೆಲ್ ಕೂರುತ್ತದೆ. ಈತ ತನ್ನ ಒಡೆದ ಫಲಕ, ನಡುಗುವ ಕೈ, ಊದಿದ ಮುಖ ಎಲ್ಲವನ್ನೂ ಲೋಕದ ಮುಂದೆ ಇಟ್ಟ. ವಿಡಿಯೋ ನೋಡಿದ ರೆಜ್ನರ್‌ಗೆ ಆ ಹಾಡು ಇನ್ನು ತನ್ನದಲ್ಲ ಅನ್ನಿಸಿತಂತೆ.

2003ರ ಆಗಸ್ಟ್‌ನಲ್ಲಿ ಎಂಟಿವಿ ಪ್ರಶಸ್ತಿಗಳ ಆರು ವಿಭಾಗದಲ್ಲಿ ಹೆಸರು ಬಂದು, ಸಿಕ್ಕಿದ್ದು ಛಾಯಾಗ್ರಹಣಕ್ಕೆ ಒಂದೇ. ಅದೇ ವೇದಿಕೆಯಲ್ಲಿ ಗೆದ್ದ ಜಸ್ಟಿನ್ ಟಿಂಬರ್‌ಲೇಕ್ ಈ ಪ್ರಶಸ್ತಿ ಕ್ಯಾಶ್‌ಗೆ ಸಲ್ಲಬೇಕಿತ್ತು ಅಂದ. ಕ್ಯಾಶ್ ಆಗ ಆಸ್ಪತ್ರೆಯಲ್ಲಿದ್ದ. ಸತ್ತ ಎರಡು ತಿಂಗಳ ನಂತರ, ನವೆಂಬರ್‌ನಲ್ಲಿ, ನ್ಯಾಶ್‌ವಿಲ್‌ನ ಕಂಟ್ರಿ ಮ್ಯೂಸಿಕ್ ಅಸೋಸಿಯೇಷನ್ 'ಹರ್ಟ್'ಗೆ ವರ್ಷದ ಸಿಂಗಲ್, ವರ್ಷದ ವಿಡಿಯೋ ಎರಡೂ ಪ್ರಶಸ್ತಿ ಕೊಟ್ಟಿತು. ಬದುಕಿದ್ದಾಗ ರೇಡಿಯೋದಲ್ಲಿ ಜಾಗ ಕೊಡದವರು ಹೋದ ಮೇಲೆ ಹಾರ ಹಾಕಿದರು. ಇದೇನು ನಮಗೆ ಹೊಸದಲ್ಲ ಬಿಡಿ. ವಿಡಿಯೋದಲ್ಲಿ ಕಾಣುವ ಆ ಮನೆ 2007ರಲ್ಲಿ ಬೆಂಕಿಗೆ ಸುಟ್ಟುಹೋಯಿತು.

ಅವನ ಅಂಗಿ ಯಾರದು?

2017ರ ಆಗಸ್ಟ್‌ನಲ್ಲಿ ವರ್ಜೀನಿಯಾದ ಷಾರ್ಲಟ್ಸ್‌ವಿಲ್‌ನಲ್ಲಿ ಬಿಳಿಯ ಜನಾಂಗವಾದಿಗಳ ರ‍್ಯಾಲಿ ನಡೆದಾಗ, ಅಲ್ಲಿದ್ದ ನವ ನಾಜಿಯೊಬ್ಬ ಜಾನಿ ಕ್ಯಾಶ್ ಟೀ ಶರ್ಟ್ ತೊಟ್ಟಿದ್ದ. ಕ್ಯಾಶ್‌ನ ಮಕ್ಕಳು ತಕ್ಷಣ ಹೇಳಿಕೆ ಕೊಟ್ಟು, ದ್ವೇಷದ ಪಕ್ಕದಲ್ಲಿ ತಮ್ಮ ತಂದೆಯ ಹೆಸರು ತರಬೇಡಿ ಅಂದರು. 2024ರಲ್ಲಿ ಆರ್ಕನ್ಸಾ ರಾಜ್ಯ ಅಮೆರಿಕದ ಸಂಸತ್ ಭವನದಲ್ಲಿದ್ದ ತನ್ನ ಎರಡು ಹಳೇ ಪ್ರತಿಮೆಗಳನ್ನು ತೆಗೆದು ಹೊಸದು ನಿಲ್ಲಿಸಿತು. ಒಂದು, ಲಿಟಲ್ ರಾಕ್‌ನ ಬಿಳಿಯರ ಶಾಲೆಗೆ ಕಪ್ಪು ಮಕ್ಕಳನ್ನು ಸೇರಿಸಲು ಹೋರಾಡಿದ ಡೇಯ್ಸಿ ಬೇಟ್ಸ್‌ದು. ಇನ್ನೊಂದು, ಗಿಟಾರ್ ಬೆನ್ನಿಗೆ ಹಾಕಿಕೊಂಡ ಜಾನಿ ಕ್ಯಾಶ್‌ದು. ಆತ ಬೆಳೆದ ಡೈಯೆಸ್ ಕಾಲೊನಿಯೊಳಗೆ ಮನೆ ಸಿಗಲಾರದಿದ್ದ ಹೆಂಗಸು ಈಗ ಅವನ ಜೊತೆಗೇ ತನ್ನ ರಾಜ್ಯವನ್ನು ಪ್ರತಿನಿಧಿಸುತ್ತಿದ್ದಾಳೆ.

ಸತ್ತವರನ್ನು ಎಲ್ಲರೂ ತಮ್ಮ ಕಡೆಗೆ ಎಳೆದುಕೊಳ್ಳುತ್ತಾರೆ. ಟೀ ಶರ್ಟ್‌ಗೆ ಬಾಯಿಲ್ಲ, ಕಂಚಿನ ಪ್ರತಿಮೆಗೂ ಇಲ್ಲ. ಹಾಗಾದಾಗ ನೋಡಬೇಕಾದ್ದು ಆತ ಯಾರ ಮುಂದೆ ಹಾಡಲು ಹೋದ, ಯಾವ ಹಾಡನ್ನು ಹಾಡಲು ಒಪ್ಪಲಿಲ್ಲ ಅನ್ನೋದನ್ನು. ವಿವಿಯನ್ ವಿಷಯದಲ್ಲಿ ಸೋತ, ಶೆರ್ಲಿಯನ್ನು ಕೈಬಿಟ್ಟ, ಚೆರೋಕಿ ರಕ್ತದ ಬಗ್ಗೆ ಸುಳ್ಳು ಹೇಳಿದ. ಫೋಲ್ಸಮ್‌ಗೆ ಹೋದದ್ದೂ, ಐರಾ ಹೇಸ್‌ನನ್ನು ರೇಡಿಯೋಗೆ ತಂದದ್ದೂ, ನಿಕ್ಸನ್ ಮುಂದೆ ಬಡವರನ್ನು ಗೇಲಿ ಮಾಡದೇ ಇದ್ದದ್ದೂ ಅದೇ ಮನುಷ್ಯ. ಆ ನಾಲ್ಕು ನಿಮಿಷದ ವಿಡಿಯೋವನ್ನು ಇನ್ನೊಮ್ಮೆ ನೋಡಿ. ಅಲ್ಲಿರುವ ಮುದುಕ ತನ್ನನ್ನು ಕ್ಷಮಿಸಿ ಅಂತ ಕೇಳುತ್ತಿಲ್ಲ, ಪೂಜಿಸಿ ಅಂತಲೂ ಕೇಳುತ್ತಿಲ್ಲ. ಲೆಕ್ಕ ಒಪ್ಪಿಸಿ ಪಿಯಾನೋ ಮುಚ್ಚುತ್ತಿದ್ದಾನೆ.